ನೋವಿಲ್ಲದ ಗಂಟು: ಸ್ತನ ಕ್ಯಾನ್ಸರ್ ಯಾರಿಗೆ ಬರುತ್ತೆ, ಯಾಕೆ ಬರುತ್ತೆ?

(ಪಾಡ್‌ಕಾಸ್ಟ್ ಸಂಚಿಕೆಯ ಅಕ್ಷರ ರೂಪ)

ಇವತ್ತು ನಾವು ಮಾತಾಡ್ತಿರೋದು ನಮ್ಮ ಮನೆಗಳಲ್ಲಿ ದನಿ ತಗ್ಗಿಸಿ ಮಾತಾಡುವ ಒಂದು ಕಾಯಿಲೆಯ ಬಗ್ಗೆ, ಸ್ತನ ಕ್ಯಾನ್ಸರ್ ಬಗ್ಗೆ.

ನನ್ನ ದೊಡ್ಡಮ್ಮನಿಂದಲೇ ಶುರು ಮಾಡ್ತೀನಿ. ಒಂದು ದಿನ ಸ್ನಾನ ಮಾಡುವಾಗ ಅವರ ಎಡ ಎದೆಯಲ್ಲಿ ಕಡಲೆಕಾಳಿನಷ್ಟು ಗಂಟು ಕೈಗೆ ಸಿಕ್ಕಿತು. ಎಂಟು ತಿಂಗಳು ಯಾರಿಗೂ ಹೇಳಲಿಲ್ಲ. ಆಮೇಲೆ ಕೇಳಿದಾಗ ಅವರು ಹೇಳಿದ್ದು ಇಷ್ಟು: “ನೋವೇ ಇರ್ಲಿಲ್ಲ ಕಣೇ. ನಮ್ಮ ವಂಶದಲ್ಲಿ ಯಾರಿಗೂ ಇದು ಬಂದಿರ್ಲಿಲ್ಲ. ಮೂರು ಮಕ್ಕಳಿಗೆ ಹಾಲು ಕುಡಿಸಿದೀನಿ. ನಂಗ್ಯಾಕೆ ಬರುತ್ತೆ ಅಂದ್ಕೊಂಡೆ.”

ಈ ಮೂರು ಮಾತೂ ಕೇಳೋಕೆ ಸರಿಯಾಗೇ ಇವೆ. ಆದರೆ ಮೂರೂ ಅವರನ್ನು ಕಾಯಲಿಲ್ಲ. ಯಾಕೆ ಅಂತ ಒಂದೊಂದಾಗಿ ನೋಡೋಣ.

ಮೊದಲು, ಈ ಕಾಯಿಲೆ ಅಂದ್ರೆ ಏನು?

ಸ್ತನದೊಳಗೆ ಹಾಲು ತಯಾರಿಸುವ ಪುಟ್ಟ ಗ್ರಂಥಿಗಳಿರುತ್ತವೆ, ಆ ಹಾಲನ್ನು ತೊಟ್ಟಿನವರೆಗೆ ತರುವ ನಾಳಗಳಿರುತ್ತವೆ. ಬಹುತೇಕ ಸ್ತನ ಕ್ಯಾನ್ಸರ್ ಶುರುವಾಗುವುದು ಈ ನಾಳಗಳ ಒಳಪದರದ ಜೀವಕೋಶಗಳಲ್ಲಿ. ಎಷ್ಟು ಬೆಳೀಬೇಕು, ಯಾವಾಗ ನಿಲ್ಲಬೇಕು ಅನ್ನೋ ಸೂಚನೆ ಪ್ರತಿ ಕೋಶದ ಜೀನ್‌ಗಳಲ್ಲೇ ಇರುತ್ತೆ. ಆ ಸೂಚನೆ ಕೆಟ್ಟರೆ ಕೋಶ ಲಗಾಮಿಲ್ಲದೆ ಬೆಳೆಯುತ್ತೆ. ಮೊದಲು ನಾಳದೊಳಗೇ ಇದ್ದು, ನಂತರ ಗೋಡೆ ದಾಟಿ, ಕಂಕುಳಿನ ಗ್ರಂಥಿಗಳಿಗೆ, ಅಲ್ಲಿಂದ ಮೂಳೆ, ಶ್ವಾಸಕೋಶ, ಯಕೃತ್ತಿಗೆ ಹರಡಬಹುದು.

ಭಾರತದ ಮಹಿಳೆಯರಲ್ಲಿ ಅತಿ ಹೆಚ್ಚಾಗಿ ಕಾಣಿಸಿಕೊಳ್ಳುವ ಕ್ಯಾನ್ಸರ್ ಇದೇ. ಜಾಗತಿಕ ಅಂದಾಜಿನ ಪ್ರಕಾರ 2022ರಲ್ಲಿ ನಮ್ಮ ದೇಶದಲ್ಲಿ ಸುಮಾರು 1 ಲಕ್ಷ 92 ಸಾವಿರ ಹೊಸ ಪ್ರಕರಣಗಳು, ಸುಮಾರು 98 ಸಾವಿರ ಸಾವುಗಳು. ಈ ಎರಡು ಅಂಕಿಗಳನ್ನು ಪಕ್ಕಪಕ್ಕ ಇಟ್ಟು ನೋಡಿ. ಸಾವಿನ ಸಂಖ್ಯೆ ಹೊಸ ಪ್ರಕರಣಗಳ ಅರ್ಧಕ್ಕಿಂತ ಹೆಚ್ಚು. ಇದಕ್ಕೆ ಒಂದು ದೊಡ್ಡ ಕಾರಣ, ನಮ್ಮಲ್ಲಿ ಬಹಳಷ್ಟು ಮಂದಿ ಆಸ್ಪತ್ರೆಗೆ ಬರುವುದು ತಡವಾಗಿ.

“ನೋವೇ ಇರ್ಲಿಲ್ಲ”

ನಮಗೆ ಹಲ್ಲು ನೋವು ಬಂದ್ರೆ ಡಾಕ್ಟರ್ ನೆನಪಾಗ್ತಾರೆ. ನೋವಿಲ್ಲ ಅಂದ್ರೆ ಕಾಯಿಲೆ ಇಲ್ಲ ಅನ್ನೋದು ನಮ್ಮ ಲೆಕ್ಕಾಚಾರ. ಸ್ತನದ ವಿಷಯದಲ್ಲಿ ಈ ಲೆಕ್ಕ ತಪ್ಪುತ್ತೆ. ಮುಟ್ಟಿನ ದಿನಗಳ ಹತ್ತಿರ ಎರಡೂ ಕಡೆ ಬರುವ ನೋವು, ಬಿಗಿತ ಸಾಮಾನ್ಯವಾಗಿ ಹಾರ್ಮೋನ್ ಏರಿಳಿತದಿಂದ ಬರುವಂಥದ್ದು. ಕ್ಯಾನ್ಸರ್ ಗಂಟು ಮಾತ್ರ ಆರಂಭದಲ್ಲಿ ಹೆಚ್ಚಾಗಿ ನೋಯೋದಿಲ್ಲ.

ಹಾಗಂತ ಗಂಟು ಸಿಕ್ಕ ಕೂಡಲೇ ಎದೆಯೊಡೆದುಕೊಳ್ಳಬೇಡಿ. ಹೆಚ್ಚಿನ ಗಂಟುಗಳು ಕ್ಯಾನ್ಸರ್ ಆಗಿರೋದಿಲ್ಲ. ಹರೆಯದ ಹೆಣ್ಣುಮಕ್ಕಳಲ್ಲಿ ಫೈಬ್ರೊಅಡಿನೋಮಾ ಎಂಬ ನಿರುಪದ್ರವಿ ಗಂಟು ಸಾಮಾನ್ಯ. ಆದರೆ ಯಾವುದು ಯಾವುದು ಅಂತ ಕೈಯಲ್ಲಿ ಮುಟ್ಟಿ ಮನೆಯಲ್ಲೇ ತೀರ್ಮಾನಿಸೋಕೆ ಆಗಲ್ಲ.

“ವಂಶದಲ್ಲಿ ಯಾರಿಗೂ ಇರ್ಲಿಲ್ಲ”

ಇದು ನಾವು ಅತಿ ಹೆಚ್ಚು ಕೇಳುವ ಮಾತು. ನಿಜ ಏನಂದ್ರೆ, ಹುಟ್ಟಿನಿಂದಲೇ ಬಂದ ಜೀನ್ ದೋಷದಿಂದ ಆಗುವ ಸ್ತನ ಕ್ಯಾನ್ಸರ್ ನೂರಕ್ಕೆ ಐದರಿಂದ ಹತ್ತು ಮಾತ್ರ. ಉಳಿದವರಲ್ಲಿ ಬಹುಪಾಲು ಮಂದಿಯ ಮನೆಯಲ್ಲಿ ಮೊದಲು ಯಾರಿಗೂ ಬಂದಿರೋದಿಲ್ಲ. ವಿಶ್ವ ಆರೋಗ್ಯ ಸಂಸ್ಥೆ ಹೇಳುವಂತೆ, ಈ ಕಾಯಿಲೆ ಬಂದ ಮಹಿಳೆಯರಲ್ಲಿ ಸುಮಾರು ಅರ್ಧದಷ್ಟು ಮಂದಿಗೆ ಹೆಣ್ಣಾಗಿರುವುದು ಮತ್ತು ವಯಸ್ಸು ಬಿಟ್ಟರೆ ಬೇರೆ ಯಾವ ಅಪಾಯದ ಅಂಶವೂ ಇರುವುದಿಲ್ಲ.

ಆದರೆ ವಂಶದಲ್ಲಿ ಇದ್ದವರು ಹೆಚ್ಚು ಎಚ್ಚರದಿಂದ ಇರಲೇಬೇಕು. ಬಿಆರ್‌ಸಿಎ 1, ಬಿಆರ್‌ಸಿಎ 2 ಅಂತ ಎರಡು ಜೀನ್‌ಗಳಿವೆ. ಕೆಟ್ಟ ಡಿಎನ್‌ಎ ರಿಪೇರಿ ಮಾಡೋದು ಅವುಗಳ ಕೆಲಸ. ಇವುಗಳಲ್ಲಿ ಅಪಾಯಕಾರಿ ದೋಷ ಇರುವ ಮಹಿಳೆಯರಲ್ಲಿ ನೂರಕ್ಕೆ 60ಕ್ಕೂ ಹೆಚ್ಚು ಮಂದಿಗೆ ಜೀವಿತಾವಧಿಯಲ್ಲಿ ಸ್ತನ ಕ್ಯಾನ್ಸರ್ ಬರುತ್ತೆ, ಅಂಡಾಶಯದ ಕ್ಯಾನ್ಸರ್ ಸಾಧ್ಯತೆಯೂ ಹೆಚ್ಚು. ನಟಿ ಏಂಜಲಿನಾ ಜೋಲಿ 2013ರಲ್ಲಿ ಮುನ್ನೆಚ್ಚರಿಕೆಯಾಗಿ ಎರಡೂ ಸ್ತನ ತೆಗೆಸಿಕೊಂಡ ವಿಷಯ ಬಹಿರಂಗಪಡಿಸಿದ್ದು ಬಿಆರ್‌ಸಿಎ 1 ದೋಷ ಇದ್ದ ಕಾರಣಕ್ಕೆ.

ಇಲ್ಲೊಂದು ವಿಷಯ ಜನ ಮರೀತಾರೆ. ಈ ದೋಷ ತಾಯಿ ಕಡೆಯಿಂದ ಮಾತ್ರ ಅಲ್ಲ, ತಂದೆ ಕಡೆಯಿಂದಲೂ ಬರಬಹುದು. ಹಾಗಾಗಿ ಅಜ್ಜಿ, ಚಿಕ್ಕಮ್ಮಂದಿರ ಜೊತೆ ಸೋದರತ್ತೆಯರ ಆರೋಗ್ಯದ ಕಥೆಯನ್ನೂ ಕೇಳಿ ಇಟ್ಟುಕೊಳ್ಳಿ. ಹತ್ತಿರದ ಸಂಬಂಧಿಕರಿಗೆ ಚಿಕ್ಕ ವಯಸ್ಸಿನಲ್ಲೇ ಸ್ತನ ಕ್ಯಾನ್ಸರ್ ಬಂದಿದ್ದರೆ, ಅಂಡಾಶಯದ ಕ್ಯಾನ್ಸರ್ ಇದ್ದರೆ, ಅಥವಾ ಮನೆಯ ಗಂಡಸರಿಗೇ ಸ್ತನ ಕ್ಯಾನ್ಸರ್ ಬಂದಿದ್ದರೆ ಜೀನ್ ಪರೀಕ್ಷೆ ಬೇಕಾ ಅಂತ ವೈದ್ಯರನ್ನು ಕೇಳಿ. ಹೌದು, ಗಂಡಸರಿಗೂ ಬರುತ್ತೆ. ಒಟ್ಟು ಪ್ರಕರಣಗಳಲ್ಲಿ ಅವರದು ಶೇ 1ರಷ್ಟು ಅಥವಾ ಅದಕ್ಕೂ ಕಡಿಮೆ.

“ಮಕ್ಕಳಿಗೆ ಹಾಲು ಕುಡಿಸಿದೀನಿ”

ಇದರಲ್ಲಿ ಸತ್ಯ ಇದೆ. ಈಸ್ಟ್ರೋಜೆನ್ ಎಂಬ ಹಾರ್ಮೋನ್ ಸ್ತನದ ಕೋಶಗಳನ್ನು ಬೆಳೆಯೋಕೆ ಪ್ರೇರೇಪಿಸುತ್ತೆ. ಜೀವನದಲ್ಲಿ ಎಷ್ಟು ವರ್ಷ ಇದರ ಪ್ರಭಾವ ಇರುತ್ತೋ, ಅಪಾಯ ಅಷ್ಟು ಏರುತ್ತೆ. ಅದಕ್ಕೇ ಬೇಗ ಮೈನೆರೆದವರಿಗೆ, ಮುಟ್ಟು ತಡವಾಗಿ ನಿಂತವರಿಗೆ, ಮಕ್ಕಳಾಗದವರಿಗೆ ಅಥವಾ 30 ದಾಟಿದ ಮೇಲೆ ಮೊದಲ ಹೆರಿಗೆ ಆದವರಿಗೆ ಅಪಾಯ ಸ್ವಲ್ಪ ಹೆಚ್ಚು. 30 ದೇಶಗಳ ಅಧ್ಯಯನಗಳನ್ನು ಒಟ್ಟುಗೂಡಿಸಿ 2002ರಲ್ಲಿ ಪ್ರಕಟವಾದ ವಿಶ್ಲೇಷಣೆ ಪ್ರಕಾರ, ಹಾಲೂಡಿಸಿದ ಪ್ರತಿ 12 ತಿಂಗಳಿಗೆ ಅಪಾಯ ಶೇ 4ರಷ್ಟು ಇಳಿಯುತ್ತೆ.

ಇಳಿಯುತ್ತೆ, ನಿಜ. ಇಲ್ಲವಾಗೋದಿಲ್ಲ. ಮೋಡ ಕವಿದ ದಿನವೆಲ್ಲ ಮಳೆ ಬರಲ್ಲ, ಬಿಸಿಲಿದ್ದ ದಿನವೂ ಮಳೆ ಸುರಿಯಬಹುದು. ಅಪಾಯದ ಅಂಶ ಅಂದ್ರೆ ಮೋಡ ಅಷ್ಟೇ. ಹಾಗೇ, ಮದುವೆ ತಡವಾಯ್ತು, ಮಗು ಬೇಡ ಅಂದ್ಲು, ಅದಕ್ಕೇ ಬಂತು ಅಂತ ರೋಗಿಯನ್ನು ದೂರುವುದೂ ತಪ್ಪು.

ನಮ್ಮ ಕೈಯಲ್ಲಿರೋದು ಏನು?

ವಯಸ್ಸು, ಜೀನ್, ಮುಟ್ಟಿನ ವಯಸ್ಸು ನಮ್ಮ ಕೈಯಲ್ಲಿಲ್ಲ. ತೂಕ ಸ್ವಲ್ಪ ಮಟ್ಟಿಗೆ ಇದೆ. ಮುಟ್ಟು ನಿಂತ ಮೇಲೆ ಈಸ್ಟ್ರೋಜೆನ್ ಮುಖ್ಯವಾಗಿ ತಯಾರಾಗೋದು ಕೊಬ್ಬಿನಲ್ಲಿ. ಹಾಗಾಗಿ ಆ ವಯಸ್ಸಿನಲ್ಲಿ ಬೊಜ್ಜು ಅಪಾಯ ಹೆಚ್ಚಿಸುತ್ತೆ, ದಿನಾ ನಡೆಯುವುದು, ಮೈ ಬಗ್ಗಿಸಿ ಕೆಲಸ ಮಾಡುವುದು ತಗ್ಗಿಸುತ್ತೆ. ಮದ್ಯ ಸ್ವಲ್ಪ ಕುಡಿದರೂ ಸ್ವಲ್ಪ ಅಪಾಯ ಏರುತ್ತೆ. ಮುಟ್ಟು ನಿಂತ ನಂತರ ಹಾರ್ಮೋನ್ ಮಾತ್ರೆಗಳನ್ನು ವೈದ್ಯರನ್ನು ಕೇಳದೆ ವರ್ಷಗಟ್ಟಲೆ ತಗೋಬೇಡಿ.

ಬಿಗಿಯಾದ ಬ್ರಾ, ಡಿಯೋಡರೆಂಟ್, ಎದೆ ಹತ್ತಿರ ಇಟ್ಟ ಮೊಬೈಲ್‌ನಿಂದ ಬರುತ್ತೆ ಅನ್ನೋದಕ್ಕೆ ಪುರಾವೆ ಇಲ್ಲ. ಮುಟ್ಟಿದರೆ ಅಂಟುವ ಕಾಯಿಲೆಯಂತೂ ಅಲ್ಲವೇ ಅಲ್ಲ.

ಏನು ಕಂಡ್ರೆ ಹೋಗಬೇಕು?

ಸ್ತನದಲ್ಲಿ ಅಥವಾ ಕಂಕುಳಲ್ಲಿ ಹೊಸ ಗಂಟು. ಒಂದು ಸ್ತನದ ಆಕಾರ ಬದಲಾಗುವುದು. ಚರ್ಮ ಕುಳಿ ಬೀಳುವುದು ಅಥವಾ ಕಿತ್ತಳೆ ಸಿಪ್ಪೆಯಂತಾಗುವುದು. ತೊಟ್ಟು ಹೊಸದಾಗಿ ಒಳಕ್ಕೆ ಎಳೆದುಕೊಳ್ಳುವುದು, ರಕ್ತ ಸೋರುವುದು, ವಾಸಿಯಾಗದ ಹುಣ್ಣು. ಹಾಲೂಡಿಸುವ ತಾಯಂದಿರು ಹಾಲು ಕಟ್ಟಿದೆ ಅಂತ ಎರಡು ವಾರಕ್ಕಿಂತ ಹೆಚ್ಚು ಕಾಯಬೇಡಿ.

ವೈದ್ಯರು ಮೊದಲು ಕೈಯಿಂದ ಪರೀಕ್ಷಿಸುತ್ತಾರೆ, ನಂತರ ಮ್ಯಾಮೊಗ್ರಫಿ ಅಥವಾ ಅಲ್ಟ್ರಾಸೌಂಡ್, ಬೇಕಿದ್ದರೆ ಬಯಾಪ್ಸಿ. ಸೂಜಿ ತಾಗಿದ್ರೆ ಕ್ಯಾನ್ಸರ್ ಹರಡುತ್ತೆ ಅನ್ನೋ ಭಯದಿಂದ ಬಯಾಪ್ಸಿ ಮುಂದೂಡುವವರಿದ್ದಾರೆ. ಆ ಭಯ ಬೇಡ, ಕಾಯೋದರಿಂದಲೇ ನಷ್ಟ.

ಮ್ಯಾಮೊಗ್ರಫಿ ಎಲ್ಲ ಊರಲ್ಲೂ ಇಲ್ಲ ಅಂತ ಕೈಚೆಲ್ಲಬೇಕಾಗಿಲ್ಲ. ಮುಂಬೈಯಲ್ಲಿ ಟಾಟಾ ಸ್ಮಾರಕ ಆಸ್ಪತ್ರೆಯವರು 1998ರಿಂದ ಸುಮಾರು ಒಂದೂವರೆ ಲಕ್ಷ ಮಹಿಳೆಯರ ಮೇಲೆ ಅಧ್ಯಯನ ನಡೆಸಿದರು. ಅರ್ಧದಷ್ಟು ಮಂದಿಗೆ ತರಬೇತಿ ಪಡೆದ ಆರೋಗ್ಯ ಕಾರ್ಯಕರ್ತೆಯರು ಎರಡು ವರ್ಷಕ್ಕೊಮ್ಮೆ ಕೈಯಿಂದಲೇ ಸ್ತನ ಪರೀಕ್ಷೆ ಮಾಡಿದರು. 2021ರಲ್ಲಿ ಪ್ರಕಟವಾದ ಫಲಿತಾಂಶದಲ್ಲಿ, 50 ದಾಟಿದ ಮಹಿಳೆಯರಲ್ಲಿ ಸ್ತನ ಕ್ಯಾನ್ಸರ್ ಸಾವು ಶೇ 30ರಷ್ಟು ಕಡಿಮೆಯಾಗಿತ್ತು. ಸರ್ಕಾರದ ಕಾರ್ಯಕ್ರಮದಡಿ 30ರಿಂದ 65 ವರ್ಷದ ಮಹಿಳೆಯರಿಗೆ ಇಂಥ ತಪಾಸಣೆಗೆ ಅವಕಾಶ ಇದೆ. ನಿಮ್ಮ ಆಶಾ ಕಾರ್ಯಕರ್ತೆಯನ್ನೋ ಪ್ರಾಥಮಿಕ ಆರೋಗ್ಯ ಕೇಂದ್ರವನ್ನೋ ಕೇಳಿ.

ಕೊನೆಗೆ ದೊಡ್ಡಮ್ಮನ ವಿಷಯ. ಅವರು ಈಗ ನಮ್ಮ ಜೊತೆ ಇದ್ದಾರೆ, ಬೆಳಗ್ಗೆ ವಾಕಿಂಗ್ ಹೋಗ್ತಾರೆ. ಆದರೆ ಎಂಟು ತಿಂಗಳಲ್ಲಿ ಕಂಕುಳಿಗೂ ಹರಡಿದ್ದರಿಂದ ಕಿಮೊಥೆರಪಿ, ಶಸ್ತ್ರಚಿಕಿತ್ಸೆ, ರೇಡಿಯೇಷನ್ ಎಲ್ಲವೂ ಬೇಕಾಯಿತು, ಸ್ತನ ಪೂರ್ತಿ ತೆಗೆಯಬೇಕಾಯಿತು. ಈಗ ನೆಂಟರ ಮನೆಗೆ ಹೋದಾಗೆಲ್ಲ ಹೆಂಗಸರನ್ನು ಅಡುಗೆಮನೆಗೆ ಕರೆದು ಒಂದೇ ಮಾತು ಹೇಳ್ತಾರೆ: “ನೋವಿಲ್ಲ ಅಂತ ಸುಮ್ನಿರಬೇಡ್ರೇ, ತೋರಿಸ್ಕೊಳ್ಳಿ.”

ಈ ಸಂಚಿಕೆಯನ್ನು ನಿಮ್ಮ ಮನೆಯ ಹೆಂಗಸರಿಗೆ ಕೇಳಿಸಿ. ಗಂಡಸರೂ ಕೇಳಿ.