ಅವರ ರಾತ್ರಿ, ನಮ್ಮ ಹಗಲು: ಜೆಸಿಎಲ್ ಕಲಿಯೋದು ಅಂದ್ರೆ ಏನು?

ಎಐ ಬಂದ್ರೆ ಯಾವ ಕೆಲಸ ಹೋಗುತ್ತೆ, ಯಾವುದು ಉಳಿಯುತ್ತೆ ಅಂತ ದಿನಕ್ಕೊಂದು ಚರ್ಚೆ ನಡೀತಿದೆ. ಇದೇ ಹೊತ್ತಲ್ಲಿ ಬೆಂಗಳೂರಿನ ಟೆಕ್ ಪಾರ್ಕುಗಳಲ್ಲಿ ಇಂಜಿನಿಯರಿಂಗ್ ಮುಗಿಸಿದ ಒಂದಷ್ಟು ಹುಡುಗ ಹುಡುಗಿಯರು ಅರವತ್ತು ವರ್ಷ ಹಳೆಯ ಭಾಷೆಯೊಂದನ್ನು ಕಲೀತಾ ಕೂತಿದ್ದಾರೆ. ಅದರ ಹೆಸರು ಜಾಬ್ ಕಂಟ್ರೋಲ್ ಲ್ಯಾಂಗ್ವೇಜ್, ಚಿಕ್ಕದಾಗಿ ಜೆಸಿಎಲ್. ಮೇನ್‌ಫ್ರೇಮ್ ಎಂಬ ದೊಡ್ಡ ಕಂಪ್ಯೂಟರಿಗೆ 'ಯಾವ ಕೆಲಸ, ಯಾವ ಕ್ರಮದಲ್ಲಿ, ಯಾವ ಫೈಲ್ ಇಟ್ಕೊಂಡು ಮಾಡಬೇಕು' ಅಂತ ಹೇಳುವ ಭಾಷೆ ಅದು. ನಾನೂ ಅದನ್ನು ಕಲಿತು, ಕೆಲವು ವರ್ಷ ಅದರಿಂದಲೇ ಅನ್ನ ತಿಂದವಳು.

ಇದು ಬರೀ ಟೆಕ್ಕಿಗಳ ವಿಷಯ ಅಂದ್ಕೊಂಡು ಮುಂದೆ ಹೋಗಬೇಡಿ. ಅಮೆರಿಕ, ಯುರೋಪಿನ ದೊಡ್ಡ ಬ್ಯಾಂಕು, ವಿಮಾ ಕಂಪನಿ, ತೆರಿಗೆ ಇಲಾಖೆಗಳ ಲೆಕ್ಕ ಇವತ್ತಿಗೂ ಪ್ರತಿ ರಾತ್ರಿ ಈ ಭಾಷೆಯ ಮೇಲೆ ನಡೆಯುತ್ತೆ. ಆ ಲೆಕ್ಕ ನಿಂತರೆ ಯಾರದೋ ಸಂಬಳ, ಯಾರದೋ ನಿರುದ್ಯೋಗ ಭತ್ಯೆ ನಿಲ್ಲುತ್ತೆ. ಅದನ್ನು ಕಾಯುವವರಲ್ಲಿ ತುಂಬಾ ಜನ ನಮ್ಮೂರಿನವರು.

ಮೊದಲು, ಬ್ಯಾಚ್ ಅಂದ್ರೇನು?

ನೀವು ಫೋನ್‌ಪೇ ಒತ್ತಿದ ತಕ್ಷಣ ದುಡ್ಡು ಹೋಗುತ್ತಲ್ಲ, ಅದು ಆನ್‌ಲೈನ್ ವ್ಯವಹಾರ. ಆದರೆ ಬ್ಯಾಂಕಿನ ಎಲ್ಲಾ ಕೆಲಸ ಹಾಗೆ ಒಂದೊಂದಾಗಿ ಆಗಲ್ಲ. ಲಕ್ಷಾಂತರ ಖಾತೆಗಳಿಗೆ ಬಡ್ಡಿ ಹಾಕೋದು, ಸ್ಟೇಟ್‌ಮೆಂಟ್ ತಯಾರಿಸೋದು, ಒಂದೇ ದಿನ ಸಾವಿರಾರು ನೌಕರರಿಗೆ ಸಂಬಳ ಹಾಕೋದು – ಇವನ್ನೆಲ್ಲ ಒಟ್ಟುಗೂಡಿಸಿ, ವ್ಯವಹಾರ ಕಮ್ಮಿ ಇರುವ ರಾತ್ರಿ ಹೊತ್ತಲ್ಲಿ ಸಾಲಾಗಿ ಓಡಿಸ್ತಾರೆ. ಇದೇ ಬ್ಯಾಚ್. ಒಂದು ದೊಡ್ಡ ಬ್ಯಾಂಕಿನಲ್ಲಿ ಒಂದೇ ರಾತ್ರಿ ಸಾವಿರಾರು ಜಾಬ್‌ಗಳು ಓಡಬಹುದು. ಒಂದು ಮುಗಿದರೆ ಮಾತ್ರ ಇನ್ನೊಂದು ಶುರು. ಪ್ರತಿ ಜಾಬ್ ಹಿಂದೆಯೂ ಒಂದು ಜೆಸಿಎಲ್ ಇರುತ್ತೆ.

ಜೆಸಿಎಲ್ ಹುಟ್ಟಿದ್ದು ಐಬಿಎಂನ ಸಿಸ್ಟಂ/360 ಜೊತೆ. 1964ರ ಏಪ್ರಿಲ್ 7ರಂದು ಘೋಷಣೆಯಾದ ಈ ಕಂಪ್ಯೂಟರ್ ಸರಣಿಗೆ ಆದೇಶ ಕೊಡ್ತಿದ್ದದ್ದು ರಂಧ್ರ ಹೊಡೆದ ಕಾರ್ಡುಗಳಲ್ಲಿ. ಒಂದು ಕಾರ್ಡಿಗೆ 80 ಅಂಕಣ. ಇವತ್ತು ಕಾರ್ಡೂ ಇಲ್ಲ, ಆ ಯಂತ್ರವೂ ಇಲ್ಲ. ಆದ್ರೆ ಜೆಸಿಎಲ್‌ನ ಸಾಲು ಈಗಲೂ 80 ಅಕ್ಷರ ದಾಟಲ್ಲ. ಆದೇಶ 71ನೇ ಅಂಕಣಕ್ಕೆ ಮುಗೀಬೇಕು. ಕೊನೆಯ ಎಂಟು ಅಂಕಣ ಕ್ರಮಸಂಖ್ಯೆಗೆ ಮೀಸಲು. ಕಾರ್ಡಿನ ಕಟ್ಟು ಕೈಜಾರಿ ನೆಲಕ್ಕೆ ಬಿದ್ದರೆ ಆ ನಂಬರ್ ನೋಡಿ ಮತ್ತೆ ಜೋಡಿಸಬಹುದಿತ್ತು!

ಮದುವೆ ಮನೆಯ ಚೀಟಿ

ಇದರ ವ್ಯಾಕರಣ ಅರ್ಥ ಆಗೋಕೆ ಮದುವೆ ಮನೆಯ ಅಡುಗೆ ಭಟ್ಟರನ್ನು ನೆನೆಸ್ಕೊಳ್ಳಿ. ಅವರಿಗೆ ಮೂರು ವಿಷಯ ಗೊತ್ತಾಗಬೇಕು: ಯಾರ ಮನೆ ಕೆಲಸ? ಏನೇನು ಅಡುಗೆ, ಯಾವ ಕ್ರಮದಲ್ಲಿ? ಸಾಮಾನು ಎಲ್ಲಿದೆ, ಮಾಡಿದ್ದನ್ನು ಯಾವ ಪಾತ್ರೆಗೆ ಹಾಕಬೇಕು? ಜೆಸಿಎಲ್‌ನಲ್ಲೂ ಮುಖ್ಯವಾಗಿ ಇರೋದು ಮೂರೇ ಆದೇಶ. ಜಾಬ್ – ಯಾರ ಕೆಲಸ, ಖರ್ಚು ಯಾರ ಲೆಕ್ಕಕ್ಕೆ. ಎಕ್ಸೆಕ್ – ಯಾವ ಪ್ರೋಗ್ರಾಂ ಓಡಿಸಬೇಕು. ಡಿಡಿ – ಯಾವ ಫೈಲ್ ಓದಬೇಕು, ಯಾವುದಕ್ಕೆ ಬರೀಬೇಕು.

ಓದೋಕೆ ಸುಲಭ ಆಗಲಿ ಅಂತ ಒಂದು ಚಿಕ್ಕ ಜಾಬ್ ಅನ್ನು ಕನ್ನಡ ಲಿಪಿಯಲ್ಲೇ ಬರೆದು ತೋರಿಸ್ತೀನಿ:

//ಪೇರೋಲ್ ಜಾಬ್ (ಲೆಕ್ಕ01),ಕ್ಲಾಸ್=ಎ
//ಹಂತ1 ಎಕ್ಸೆಕ್ ಪಿಜಿಎಂ=ಸಂಬಳ
//ಒಳಗೆ ಡಿಡಿ ಡಿಎಸ್‌ಎನ್=ಹಾಜರಿ.ಜೂನ್,ಡಿಸ್ಪ್=ಶೇರ್
//ಹೊರಗೆ ಡಿಡಿ ಡಿಎಸ್‌ಎನ್=ಪಾವತಿ.ಜೂನ್,ಡಿಸ್ಪ್=(ನ್ಯೂ,ಕ್ಯಾಟಲಾಗ್,ಡಿಲೀಟ್)

ಡಿಸ್ಕಿನಲ್ಲಿ ಎಷ್ಟು ಜಾಗ ಬೇಕು ಅನ್ನೋ ತರದ ವಿವರಗಳನ್ನು ಬಿಟ್ಟಿದ್ದೀನಿ. ಉಳಿದದ್ದು ಇಷ್ಟೇ: ಜೂನ್ ತಿಂಗಳ ಹಾಜರಿ ಫೈಲ್ ಓದು, ಸಂಬಳ ಎಂಬ ಪ್ರೋಗ್ರಾಂ ಓಡಿಸು, ಪಾವತಿ ಎಂಬ ಹೊಸ ಫೈಲ್ ಮಾಡು.

ಇದರಲ್ಲಿ ಪ್ರೋಗ್ರಾಂನ ಒಳಗೆ ಫೈಲಿನ ನಿಜವಾದ ಹೆಸರು ಇರಲ್ಲ ಅನ್ನೋದನ್ನು ಗಮನಿಸಿ. ಪ್ರೋಗ್ರಾಂಗೆ ಗೊತ್ತಿರೋದು 'ಒಳಗೆ', 'ಹೊರಗೆ' ಅಷ್ಟೇ. ಮುಂದಿನ ತಿಂಗಳು ಜುಲೈ ಹಾಜರಿ ಬೇಕಾದರೆ ಪ್ರೋಗ್ರಾಂ ಮುಟ್ಟಬೇಕಾಗಿಲ್ಲ, ಜೆಸಿಎಲ್ ಬದಲಿಸಿದರೆ ಸಾಕು. ಇಷ್ಟು ಹಳೇ ಪ್ರೋಗ್ರಾಂಗಳು ಇನ್ನೂ ಬದುಕಿರೋದಕ್ಕೆ ಇದೂ ಒಂದು ಕಾರಣ.

ಇನ್ನು ತಲೆನೋವಿನ ವಿಷಯ. ಅಲ್ಪವಿರಾಮ ಆದಮೇಲೆ ಗೊತ್ತಿಲ್ಲದೆ ಒಂದು ಸ್ಪೇಸ್ ಬಿಟ್ರೆ ಆ ಸಾಲಿನ ಉಳಿದ ಭಾಗವೆಲ್ಲ ಕಾಮೆಂಟ್ ಆಗಿಬಿಡುತ್ತೆ. ಷರತ್ತು ಹಾಕುವ ಕಾಂಡ್ ಎಂಬುದಂತೂ ತಲೆಕೆಳಗು. ಬೇರೆ ಭಾಷೆಗಳಲ್ಲಿ 'ಹೀಗಿದ್ದರೆ ಈ ಹಂತ ಓಡಿಸು' ಅಂತೀವಿ. ಇಲ್ಲಿ 'ಹೀಗಿದ್ದರೆ ಈ ಹಂತ ಬಿಟ್ಟುಬಿಡು' ಅಂತ ಹೇಳಬೇಕು. ಅದೂ ಸಂಖ್ಯೆಯನ್ನು ಮುಂದಿಟ್ಟು: '4 ಚಿಕ್ಕದು' ಅಂತ ಬರೆದರೆ, ಹಿಂದಿನ ಹಂತ ಕೊಟ್ಟ ಫಲಿತಾಂಶದ ಸಂಖ್ಯೆಗಿಂತ 4 ಚಿಕ್ಕದಾಗಿದ್ದರೆ ಈ ಹಂತ ಬೇಡ ಅಂತ ಅರ್ಥ. ಸೊನ್ನೆ ಬಂದ್ರೆ ಎಲ್ಲ ಸರಿ, 4 ಅಂದ್ರೆ ಸಣ್ಣ ಎಚ್ಚರಿಕೆ, 8 ಅಥವಾ ಅದಕ್ಕಿಂತ ಮೇಲೆ ಬಂದ್ರೆ ಏನೋ ಎಡವಟ್ಟಾಗಿದೆ ಅಂತ ಲೆಕ್ಕ. ಇಫ್-ದೆನ್ ಆಮೇಲೆ ಬಂತು, ಆದರೆ ಹಳೇ ಜಾಬ್‌ಗಳಲ್ಲಿ ಕಾಂಡ್ ಹಾಗೇ ಉಳಿದಿದೆ.

ಈ ಭಾಷೆಯನ್ನು ಬೈಯೋರಲ್ಲಿ ಮೊದಲಿಗರು ಫ್ರೆಡ್ ಬ್ರೂಕ್ಸ್. ಸಿಸ್ಟಂ/360ರ ಆಪರೇಟಿಂಗ್ ಸಿಸ್ಟಂ ಯೋಜನೆಯನ್ನು ನಡೆಸಿದವರು, 1999ರ ಟ್ಯೂರಿಂಗ್ ಪ್ರಶಸ್ತಿ ಪಡೆದವರು. ಪ್ರಪಂಚದಲ್ಲೇ ಅತ್ಯಂತ ಕೆಟ್ಟ ಪ್ರೋಗ್ರಾಮಿಂಗ್ ಭಾಷೆ ಜೆಸಿಎಲ್, ಅದು ತಯಾರಾಗಿದ್ದು ತನ್ನದೇ ಉಸ್ತುವಾರಿಯಲ್ಲಿ ಅಂತ ಅವರು ಬಹಿರಂಗವಾಗಿ ಹೇಳ್ಕೊಂಡಿದ್ದಾರೆ. ಅವರು ಕೊಟ್ಟ ಕಾರಣ ಸರಳ: ಅದು ಒಂದು ಭಾಷೆ ಅಂತಲೇ ತಂಡಕ್ಕೆ ಅನಿಸಿರಲಿಲ್ಲ. ನಾಲ್ಕು ಕಾರ್ಡು ತಾನೇ ಅಂದ್ಕೊಂಡಿದ್ದರು.

ಕೆಟ್ಟರೆ ಏನು?

ಬೈದರೂ, ಈ ಭಾಷೆಯಲ್ಲಿ ನನಗೆ ಇಷ್ಟವಾದ ಒಂದು ಗುಣ ಇದೆ. ಮೇಲಿನ ಕೊನೆ ಸಾಲಿನ ಡಿಸ್ಪ್ ನೋಡಿ. ಅದರಲ್ಲಿ ಮೂರು ಉತ್ತರ ಇದೆ: ಶುರುವಿನಲ್ಲಿ ಫೈಲಿನ ಸ್ಥಿತಿ ಏನು, ಕೆಲಸ ಸರಿಯಾಗಿ ಮುಗಿದರೆ ಅದನ್ನು ಏನು ಮಾಡಬೇಕು, ಕೆಲಸ ಕೆಟ್ಟರೆ ಏನು ಮಾಡಬೇಕು. ಅಂದ್ರೆ ಸೋಲನ್ನು ಮೊದಲೇ ಊಹಿಸಿ ಬರೆಯೋಕೆ ಈ ಭಾಷೆಯಲ್ಲೇ ಒಂದು ಜಾಗ ಇದೆ. ಅರ್ಧ ಬರೆದ ಪಾವತಿ ಫೈಲ್ ಉಳಿದು, ಜಾಬ್ ಮತ್ತೆ ಓಡಿ, ಒಬ್ಬರಿಗೆ ಎರಡು ಸಲ ಸಂಬಳ ಹೋಗಬಾರದಲ್ವಾ?

ಜಾಬ್ ನಡುವೆ ಬಿದ್ದರೆ ಅದಕ್ಕೆ ಅಬೆಂಡ್ ಅಂತಾರೆ. ಪ್ರತಿ ಅಬೆಂಡಿಗೂ ಒಂದು ಕೋಡ್. ಎಸ್0ಸಿ7 ಬಂದರೆ ಅಂಕಿ ಇರಬೇಕಾದ ಜಾಗದಲ್ಲಿ ಬೇರೇನೋ ಸೇರಿಕೊಂಡಿದೆ. ಎಸ್‌ಬಿ37 ಅಂದ್ರೆ ಫೈಲಿಗೆ ಕೊಟ್ಟ ಜಾಗ ಸಾಲಲಿಲ್ಲ. ಎಸ್322 ಅಂದ್ರೆ ಕೊಟ್ಟ ಸಮಯ ಮೀರಿತು. ಬೀಳೋದಕ್ಕಿಂತ ಕಷ್ಟದ ಕೆಲಸ ಮತ್ತೆ ಎಬ್ಬಿಸೋದು. ಮೊದಲಿಂದ ಓಡಿಸಬೇಕಾ, ಬಿದ್ದ ಹಂತದಿಂದ ಓಡಿಸಬೇಕಾ? ಹಿಂದಿನ ಹಂತಗಳು ಯಾವ ಫೈಲನ್ನು ಆಗಲೇ ಬದಲಿಸಿವೆ? ಕೋಡ್ ಬರೆಯೋದನ್ನು ಎರಡು ವಾರದಲ್ಲಿ ಕಲೀಬಹುದು. ಈ ಪ್ರಶ್ನೆಗಳಿಗೆ ಸರಿಯಾದ ಉತ್ತರ ಹೇಳೋಕೆ ಎರಡು ವರ್ಷ ಬೇಕು. ಅದು ಯಾವ ಕೈಪಿಡಿಯಲ್ಲೂ ಪೂರ್ತಿ ಇರಲ್ಲ, ಕೆಲಸ ಮಾಡುವವರ ತಲೆಯಲ್ಲಿರುತ್ತೆ.

ಮಂಗಳೂರಿನ ಜಾರ್ಜ್ ಫರ್ನಾಂಡಿಸ್‌ರಿಂದ ವೈಟ್‌ಫೀಲ್ಡ್‌ವರೆಗೆ

ನಮ್ಮ ದೇಶಕ್ಕೂ ಐಬಿಎಂಗೂ ಒಂದು ರಾಜಕೀಯ ಕಥೆ ಇದೆ. 1973ರ ವಿದೇಶಿ ವಿನಿಮಯ ಕಾಯ್ದೆ, ಅಂದ್ರೆ ಫೆರಾ, ಪ್ರಕಾರ ವಿದೇಶಿ ಕಂಪನಿಗಳು ಇಲ್ಲಿನ ತಮ್ಮ ಪಾಲನ್ನು ಶೇ. 40ಕ್ಕೆ ಇಳಿಸಬೇಕಿತ್ತು. ಐಬಿಎಂ ಒಪ್ಪಲಿಲ್ಲ, 1978ರಲ್ಲಿ ದೇಶ ಬಿಟ್ಟಿತು. ಆಗ ಜನತಾ ಸರ್ಕಾರದ ಕೈಗಾರಿಕಾ ಸಚಿವರು ಮಂಗಳೂರಿನಲ್ಲಿ ಹುಟ್ಟಿದ ಜಾರ್ಜ್ ಫರ್ನಾಂಡಿಸ್. ಐಬಿಎಂ ಬಿಟ್ಟುಹೋದ ಯಂತ್ರಗಳನ್ನು ನೋಡ್ಕೊಳ್ಳುವ ಹೊಣೆ ಸರ್ಕಾರಿ ಸಂಸ್ಥೆ ಸಿಎಂಸಿಗೆ ಬಂತು. ನಮ್ಮ ದೊಡ್ಡ ಬ್ಯಾಂಕುಗಳು ಕೋರ್ ಬ್ಯಾಂಕಿಂಗ್‌ಗೆ ಬಂದದ್ದು ಬಹುತೇಕ 2000ದ ನಂತರ, ಅದೂ ಮೇನ್‌ಫ್ರೇಮ್ ಬದಲು ಬೇರೆ ಬಗೆಯ ಸರ್ವರ್‌ಗಳ ಮೇಲೆ.

ಹಾಗಾದ್ರೆ ಬೆಂಗಳೂರಿಗೆ ಜೆಸಿಎಲ್ ಹೇಗೆ ಬಂತು? ದೊಡ್ಡ ಪ್ರಮಾಣದಲ್ಲಿ ಬಂದದ್ದು ವೈ2ಕೆ ಹೊತ್ತಲ್ಲಿ. ಹಳೇ ಪ್ರೋಗ್ರಾಂಗಳು ವರ್ಷವನ್ನು ಎರಡೇ ಅಂಕಿಯಲ್ಲಿ ಬರೆದಿದ್ದವು, 2000 ಬಂದಾಗ ಅದು 1900 ಅಂತ ತಿಳಿಯುವ ಅಪಾಯ ಇತ್ತು. ಸಾಲು ಸಾಲು ತಿದ್ದೋಕೆ ಅಮೆರಿಕದ ಕಂಪನಿಗಳಿಗೆ ಜನ ಬೇಕಿತ್ತು. ಭಾರತದಲ್ಲಿ ಕಡಿಮೆ ಸಂಬಳಕ್ಕೆ ಸಿಗ್ತಿದ್ದರು. ವೈ2ಕೆ ಮುಗೀತು, ನಿರ್ವಹಣೆಯ ಗುತ್ತಿಗೆ ಇಲ್ಲೇ ಉಳೀತು. ಅದಕ್ಕೆ ಭೂಗೋಳವೂ ಅನುಕೂಲ: ಬೇಸಿಗೆಯಲ್ಲಿ ನ್ಯೂಯಾರ್ಕಿನ ಮಧ್ಯರಾತ್ರಿ ಅಂದ್ರೆ ನಮಗೆ ಬೆಳಿಗ್ಗೆ ಒಂಬತ್ತೂವರೆ. ಅವರ ಬ್ಯಾಚ್ ಓಡೋ ಹೊತ್ತಿಗೆ ನಾವು ತಿಂಡಿ ತಿಂದು ಸೀಟಲ್ಲಿ ಕೂತಿರ್ತೀವಿ. ಲಂಡನ್ನಿನ ಬ್ಯಾಚ್ ನೋಡೋರಿಗೆ ಮಾತ್ರ ಬೆಳಗಿನ ಜಾವದ ಎಚ್ಚರ ತಪ್ಪಿದ್ದಲ್ಲ.

ವಿದೇಶಿ ಕಂಪನಿಯ ಯಂತ್ರ ದೇಶ ಬಿಟ್ಟುಹೋಯ್ತು, ಎರಡು ದಶಕ ಆದಮೇಲೆ ಅದೇ ಯಂತ್ರವನ್ನು ಕಾಯುವ ದುಡಿಮೆ ಮಾತ್ರ ನಮ್ಮಲ್ಲಿಗೆ ಬಂತು. ಇದು ಒಳ್ಳೆಯದೋ ಕೆಟ್ಟದೋ ಅಂತ ವಾದ ಮಾಡಬಹುದು. ಆದರೆ 'ಬೆಂಗಳೂರು ಐಟಿ' ಅಂದ ಕೂಡಲೇ ಸ್ಟಾರ್ಟಪ್ ಮಾತ್ರ ನೆನಪಾಗೋದು ಅರ್ಧ ಸತ್ಯ.

ತಪ್ಪು ಯಾರ ತಲೆಗೆ?

2012ರ ಜೂನ್‌ನಲ್ಲಿ ಬ್ರಿಟನ್ನಿನ ಆರ್‌ಬಿಎಸ್ ಬ್ಯಾಂಕಿನ ಗುಂಪಿನಲ್ಲಿ ಬ್ಯಾಚ್ ನಿಂತುಹೋಯ್ತು. ಜಾಬ್‌ಗಳನ್ನು ಕ್ರಮವಾಗಿ ಬಿಡುವ ಶೆಡ್ಯೂಲರ್ ಸಾಫ್ಟ್‌ವೇರನ್ನು ಅಪ್‌ಗ್ರೇಡ್ ಮಾಡಿದ್ದರು, ತೊಂದರೆ ಕಂಡು ವಾಪಸ್ ತೆಗೆದರು, ಹಳೆಯದಕ್ಕೂ ಹೊಸದಕ್ಕೂ ಹೊಂದಲಿಲ್ಲ. 65 ಲಕ್ಷಕ್ಕೂ ಹೆಚ್ಚು ಗ್ರಾಹಕರಿಗೆ ತೊಂದರೆಯಾಯ್ತು. ಆಗ ಅಲ್ಲಿನ ಪತ್ರಿಕೆಗಳಲ್ಲಿ ಬೆರಳು ಬೇಗ ತಿರುಗಿದ್ದು ಭಾರತಕ್ಕೆ ಹೊರಗುತ್ತಿಗೆ ಕೊಟ್ಟದ್ದರ ಕಡೆ. ಬ್ಯಾಂಕ್ ಅದನ್ನು ಅಲ್ಲಗಳೆಯಿತು. 2014ರಲ್ಲಿ ನಿಯಂತ್ರಕ ಸಂಸ್ಥೆಗಳು ಬ್ಯಾಂಕಿಗೆ ಒಟ್ಟು 5.6 ಕೋಟಿ ಪೌಂಡ್ ದಂಡ ಹಾಕಿದವು. ಅವು ಎತ್ತಿ ತೋರಿಸಿದ್ದು ಒಬ್ಬ ನೌಕರನ ಕೈತಪ್ಪನ್ನಲ್ಲ. ಅಪಾಯವನ್ನು ಗುರುತಿಸುವ, ತಡೆಯುವ ವ್ಯವಸ್ಥೆಯನ್ನೇ ಬ್ಯಾಂಕ್ ಸರಿಯಾಗಿ ಇಟ್ಟಿರಲಿಲ್ಲ ಎಂಬುದನ್ನು.

ಇನ್ನೊಂದು ಉದಾಹರಣೆ 2020ರ ಏಪ್ರಿಲ್‌ನದು. ಕೋವಿಡ್‌ನಿಂದ ಕೆಲಸ ಕಳ್ಕೊಂಡವರು ನಿರುದ್ಯೋಗ ಭತ್ಯೆಗೆ ಮುಗಿಬಿದ್ದಾಗ ನ್ಯೂಜೆರ್ಸಿ ಗವರ್ನರ್ ಫಿಲ್ ಮರ್ಫಿ, ಕೋಬಾಲ್ ಭಾಷೆ ಗೊತ್ತಿರೋ ಸ್ವಯಂಸೇವಕರು ಬೇಕು ಅಂತ ಕೇಳ್ಕೊಂಡರು. ಮೇನ್‌ಫ್ರೇಮಿನಲ್ಲಿ ಜೆಸಿಎಲ್ ಓಡಿಸುವ ಪ್ರೋಗ್ರಾಂಗಳು ಹೆಚ್ಚಾಗಿ ಇರೋದು ಇದೇ ಕೋಬಾಲ್‌ನಲ್ಲಿ. ಎಲ್ಲರೂ ಹಳೇ ಭಾಷೆಯನ್ನು ಬೈದರು. ಕಂಪ್ಯೂಟರ್ ಚರಿತ್ರೆ ಬರೆಯುವ ಮಾರ್ ಹಿಕ್ಸ್ ಅವರ ವಾದ ಬೇರೆ: ಕೆಟ್ಟದ್ದು ಹಳೇ ಕೋಡ್ ಅಲ್ಲ, ಅದನ್ನು ನೋಡ್ಕೊಳ್ಳುವ ಜನರನ್ನು ಕಡಿತ ಮಾಡಿದ್ದೇ ಮೂಲ ಸಮಸ್ಯೆ.

ಎರಡೂ ಕಡೆ ಕಾಣೋದು ಒಂದೇ. ವ್ಯವಸ್ಥೆ ನಡೀತಿರುವಾಗ ಅದನ್ನು ಕಾಯುವವರು ಯಾರಿಗೂ ಕಾಣಲ್ಲ. ನಿಂತಾಗ ಮೊದಲು ಕಾಣೋದು ಅವರೇ, ಅಪರಾಧಿಗಳಾಗಿ.

ಹಾಗಾದ್ರೆ ಕಲೀಬೇಕಾ?

ಆಸಕ್ತಿ ಇದ್ರೆ ಖಂಡಿತ ಕಲೀರಿ. ಐಬಿಎಂನ ಝಡ್ ಎಕ್ಸ್‌ಪ್ಲೋರ್‌ನಲ್ಲಿ ನಿಜವಾದ ಮೇನ್‌ಫ್ರೇಮ್ ಮೇಲೆ ಉಚಿತವಾಗಿ ಅಭ್ಯಾಸ ಮಾಡಬಹುದು. ಹರ್ಕ್ಯುಲಿಸ್ ಎಂಬ ಮುಕ್ತ ತಂತ್ರಾಂಶ ಹಾಕ್ಕೊಂಡರೆ ನಿಮ್ಮ ಲ್ಯಾಪ್‌ಟಾಪಲ್ಲೇ ಎಂವಿಎಸ್ 3.8 ಎಂಬ ಹಳೇ ಆಪರೇಟಿಂಗ್ ಸಿಸ್ಟಂ ಓಡುತ್ತೆ. ಮೊದಲ ಜಾಬ್ ಬರೆಯೋಕೆ ಐಇಎಫ್‌ಬಿಆರ್14 ತಗೊಳ್ಳಿ. ಅದು ಏನೂ ಮಾಡದ ಪ್ರೋಗ್ರಾಂ. ಫೈಲ್ ಸೃಷ್ಟಿಸೋಕೆ, ಅಳಿಸೋಕೆ ಡಿಡಿ ಸಾಲುಗಳೇ ಸಾಕಾಗೋದ್ರಿಂದ ಜೊತೆಗೆ ಹೆಸರಿಗೊಂದು ಪ್ರೋಗ್ರಾಂ ಬೇಕಲ್ಲ, ಅದಕ್ಕೆ ಇದು. ಒಂದೇ ಆದೇಶ ಇದ್ದ ಇದರಲ್ಲೂ ಒಂದು ತಪ್ಪಿತ್ತು! ಮುಗಿದಾಗ ಫಲಿತಾಂಶವನ್ನು ಸೊನ್ನೆ ಮಾಡುತ್ತಿರಲಿಲ್ಲ. ಇನ್ನೊಂದು ಆದೇಶ ಸೇರಿಸಿ ಸರಿಪಡಿಸಿದರು.

ಆದರೆ ಕಲಿತ ವಿದ್ಯೆಗೆ ಬೆಲೆ ಸಿಗೋದು ಬರೀ ವಿದ್ಯೆಯಿಂದ ಅಲ್ಲ. ಕರ್ನಾಟಕದಲ್ಲಿ ಐಟಿ ಕಂಪನಿಗಳಿಗೆ ಕೈಗಾರಿಕಾ ಉದ್ಯೋಗ (ಸ್ಥಾಯಿ ಆದೇಶ) ಕಾಯ್ದೆಯಿಂದ ವಿನಾಯಿತಿ ಕೊಟ್ಟಿದ್ದರು. 2024ರಲ್ಲಿ ಅದನ್ನು ಮತ್ತೆ ಐದು ವರ್ಷಕ್ಕೆ ಮುಂದುವರಿಸಿದರು. ಕೆಲಸದ ಹೊತ್ತು, ಶಿಸ್ತುಕ್ರಮ, ವಜಾ ಇತ್ಯಾದಿ ಸೇವಾ ನಿಯಮಗಳನ್ನು ಲಿಖಿತವಾಗಿ ಇಟ್ಟು ಪ್ರಮಾಣೀಕರಿಸಬೇಕು ಅನ್ನುವ ಕಾಯ್ದೆ ಅದಾಗಿತ್ತು. ವಿನಾಯಿತಿಗೆ ಷರತ್ತುಗಳಿದ್ದವು: ಕುಂದುಕೊರತೆ ಸಮಿತಿ ಇರಬೇಕಿತ್ತು, ಲೈಂಗಿಕ ಕಿರುಕುಳ ದೂರಿಗೆ ಆಂತರಿಕ ಸಮಿತಿ ಇರಬೇಕಿತ್ತು, ಕೆಲಸದಿಂದ ತೆಗೆದರೆ ಕಾರ್ಮಿಕ ಇಲಾಖೆಗೆ ತಿಳಿಸಬೇಕಿತ್ತು. ನಿಮ್ಮ ಆಫೀಸಲ್ಲಿ ಕುಂದುಕೊರತೆ ಸಮಿತಿಯಲ್ಲಿ ಯಾರಿದ್ದಾರೆ ಅಂತ ಗೊತ್ತಾ? ಅದೇ 2024ರ ಜುಲೈನಲ್ಲಿ ದಿನಕ್ಕೆ ಓವರ್‌ಟೈಮ್ ಸೇರಿ 14 ಗಂಟೆ ದುಡಿಸುವ ಪ್ರಸ್ತಾಪ ಬಂದಾಗ ಬೀದಿಗಿಳಿದು ವಿರೋಧಿಸಿದ್ದು ಐಟಿ ನೌಕರರ ಸಂಘಟನೆ ಕೆಐಟಿಯು.

ಜಾಬ್ ಕೆಟ್ಟರೆ ಫೈಲಿಗೆ ಏನಾಗಬೇಕು ಅಂತ ಜೆಸಿಎಲ್ ಮೊದಲೇ ಬರೆಸಿಕೊಳ್ಳುತ್ತೆ. ಅದನ್ನು ಬರೆಯುವ ನೌಕರರ ಕೆಲಸ ಹೋದರೆ ಏನಾಗಬೇಕು ಅನ್ನೋದನ್ನೂ ಹಾಗೇ ಮೊದಲೇ ಬರೆದಿಡಿ ಅಂತ ಕೇಳೋದು ದೊಡ್ಡ ಬೇಡಿಕೆಯೇನಲ್ಲ.