ಮೊಟ್ಟೆಯಿಲ್ಲದ ಹಣ್ಣಿನ ಪೈ

ಕಡೂರು, ತರೀಕೆರೆ, ಅಜ್ಜಂಪುರದ ಕಡೆ ಕ್ರೈಸ್ತ ಮನೆಗಳು ಹೆಚ್ಚಿಲ್ಲ. ಹಬ್ಬದ ತಟ್ಟೆ ಹೊರಟರೆ ಬಹುಪಾಲು ಅನ್ಯಧರ್ಮೀಯ ನೆರೆಯವರ ಹೊಸ್ತಿಲನ್ನೇ ಸೇರುತ್ತದೆ. ಒಂದು ಕ್ರಿಸ್ಮಸ್ಸಿಗೆ ನಾವು ಕಳುಹಿಸಿದ ಕೇಕನ್ನು ಪಕ್ಕದ ಮನೆಯ ಹಿರಿಯ ತಾಯಿ ಕಣ್ಣಿಗೊತ್ತಿಕೊಂಡು ಸ್ವೀಕರಿಸಿದರು. ಮರುದಿನ ಸಂಕೋಚದಿಂದ, "ಅದ್ರಲ್ಲಿ ಮೊಟ್ಟೆ ಇರುತ್ತಲ್ಲ ಸ್ವಾಮಿ, ಕೆಲಸದ ಹುಡುಗನಿಗೆ ಕೊಟ್ಟುಬಿಟ್ಟೆ" ಎಂದರು. ವರ್ಷಗಟ್ಟಲೆ ಕೊಟ್ಟೆವೆಂಬ ಸಂತೋಷವನ್ನು ಅನುಭವಿಸಿದ್ದೆವೇ ಹೊರತು, ಪಡೆದವರು ಉಂಡರೇ ಎಂದು ನಾವು ವಿಚಾರಿಸಿರಲಿಲ್ಲ. ಗುರುಮನೆಯ ಅಡುಗೆಮನೆಯಲ್ಲಿ ಹಣ್ಣಿನ ಕಸ್ಟರ್ಡ್ ಪೈಗೆ ಕೈಹಾಕಿದ್ದು ಆ ಸಾಲ ತೀರಿಸಲೆಂದು.

ಮೂಲ ಕಸ್ಟರ್ಡ್ ಎಂದರೆ ಹಾಲು-ಮೊಟ್ಟೆಗಳ ಪಾಕವೇ. 1837ರಲ್ಲಿ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮಿನ ಆಲ್ಫ್ರೆಡ್ ಬರ್ಡ್ ಎಂಬ ಔಷಧ ವ್ಯಾಪಾರಿ, ಮೊಟ್ಟೆ ಒಗ್ಗದ ತನ್ನ ಪತ್ನಿಗಾಗಿ ಮೆಕ್ಕೆಜೋಳದ ಪಿಷ್ಟದಿಂದ ಕಸ್ಟರ್ಡ್ ಪುಡಿಯನ್ನು ಸಿದ್ಧಪಡಿಸಿದನು. ಒಬ್ಬಳ ತಟ್ಟೆಗಾಗಿ ನಡೆದ ಶೋಧ ನಮ್ಮ ನೆರೆಮನೆಗೂ ಒದಗಿತು.

ಕಾಲು ಕಿಲೋ ಮೈದಾಕ್ಕೆ 125 ಗ್ರಾಂ ತಣ್ಣನೆಯ ಬೆಣ್ಣೆ, ಚಿಟಿಕೆ ಉಪ್ಪು. (ಬೆಣ್ಣೆಯ ಮಾತು ಬಂದುದರಿಂದ ಹೇಳುತ್ತೇವೆ: ಅಜ್ಜಂಪುರದಲ್ಲಿ ಸಾಕಲಾಗುವ ಅಮೃತಮಹಲ್ ರಾಸುಗಳು ಹೆಸರಾದುದು ಎಳೆತಕ್ಕೆ, ಹಾಲಿಗಲ್ಲ, ಆದರೂ ಒಡೆಯರ ಕಾಲದಲ್ಲಿ ಆ ಇಲಾಖೆಗೆ 'ಬೆಣ್ಣೆ ಚಾವಡಿ' ಎಂದೇ ಹೆಸರಿತ್ತು.) ಬೆರಳ ತುದಿಯಿಂದ ಉಜ್ಜಿ, ರವೆಯಂತಾದಾಗ ತಣ್ಣೀರು ಚಿಮುಕಿಸಿ ಒಗ್ಗೂಡಿಸಬೇಕು. ಚಪಾತಿ ಹಿಟ್ಟಿನಂತೆ ನಾದಿದರೆ ಅಂಟು ಬಲಿತು ತೊಗಲಿನಂತಾಗುತ್ತದೆ. ಲಟ್ಟಿಸಿ ತಟ್ಟೆಗೆ ಹಾಸಿ, ಫೋರ್ಕಿನಿಂದ ಚುಚ್ಚಬೇಕು. ನಮ್ಮಲ್ಲಿ ಓವನ್ ಇಲ್ಲ. ದೊಡ್ಡ ಕುಕ್ಕರಿನ ರಬ್ಬರು, ವಿಷಲು ತೆಗೆದು, ನೀರು ಹಾಕದೆ ತಳಕ್ಕೆ ಉಪ್ಪು ಹರಡಿ, ಹತ್ತು ನಿಮಿಷ ಕಾಯಿಸಿ, ಒಳಗೆ ಸ್ಟ್ಯಾಂಡಿನ ಮೇಲೆ ತಟ್ಟೆಯಿಟ್ಟು ಸಣ್ಣ ಉರಿಯಲ್ಲಿ ಹೊಂಬಣ್ಣ ಬರುವವರೆಗೆ ಬೇಯಿಸಿದೆವು.

ಅರ್ಧ ಲೀಟರ್ ಹಾಲಿಗೆ ನಾಲ್ಕು ದೊಡ್ಡ ಚಮಚ ಪುಡಿ. ಅದನ್ನು ಮೊದಲು ತಣ್ಣನೆಯ ಹಾಲಿನಲ್ಲೇ ಕದಡಬೇಕು. ಬಿಸಿ ಹಾಲಿಗೆ ನೇರ ಸುರಿದರೆ ಗಂಟು ನಿಶ್ಚಿತ. ಮೊಟ್ಟೆಯ ಕಸ್ಟರ್ಡ್ ಕುದಿದರೆ ಒಡೆಯುತ್ತದೆ, ಪಿಷ್ಟದ್ದು ಕುದಿಯದೆ ಗಟ್ಟಿಯಾಗದು. ಸೆಮಿನರಿಯಲ್ಲಿ ಅರಿಸ್ಟಾಟಲನ ದ್ರವ್ಯ-ರೂಪಗಳನ್ನು ಓದಿದ್ದರೂ, ಹಾಲು ದಿಢೀರನೆ ಮಂದವಾದ ಕ್ಷಣವನ್ನು ನಾವು ಬೆರಗಿನಿಂದಲೇ ನೋಡಿದೆವು.

ಮೊದಲ ಪೈ ಕೆಟ್ಟಿತು. ಹಸಿ ಅನಾನಸ್ ಹೋಳುಗಳನ್ನು ಬೆರೆಸಿದ್ದೆವು; ಸಂಜೆಗೆ ಕಸ್ಟರ್ಡ್ ಕಹಿಯಾಗಿತ್ತು. ಆ ಹಣ್ಣಿನಲ್ಲಿರುವ ಬ್ರೊಮೆಲೈನ್ ಎಂಬ ಕಿಣ್ವ ಹಾಲಿನ ಪ್ರೋಟೀನನ್ನು ಛೇದಿಸುತ್ತದೆ. ಸಕ್ಕರೆಯೊಂದಿಗೆ ಕುದಿಸಿದರೆ ಕಿಣ್ವ ನಾಶವಾಗುತ್ತದೆ. ಎರಡನೆಯದಕ್ಕೆ ಹಾಗೆಯೇ ಮಾಡಿ, ಬಾಳೆಹಣ್ಣನ್ನೂ ಸೇರಿಸಿದೆವು.

ತಟ್ಟೆ ಮರುದಿನ ನಾಲ್ಕು ಹೋಳಿಗೆಗಳೊಂದಿಗೆ ಮರಳಿತು. "ಸಿಹಿ ಸ್ವಲ್ಪ ಕಡಿಮೆ ಆಗಿತ್ತು ಸ್ವಾಮಿ" ಎಂದರು, ಆ ತಾಯಿ.