ಹಗಲಿಗೆ ಬೆಳಕು ಬೇಕು, ಇರುಳಿಗೆ ಕತ್ತಲೆ

ಬೆಳಕಿಗೂ ಜೀವಕ್ಕೂ ಇರುವ ನಂಟನ್ನು ಕೊಳ್ಳೇಗಾಲ ಸೀಮೆಯ ರೇಷ್ಮೆ ಕೃಷಿಕರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ರೇಷ್ಮೆ ಮೊಟ್ಟೆಗಳು ನೀಲಿ ಬಣ್ಣಕ್ಕೆ ತಿರುಗಿ, ಒಡೆಯಲು ಸುಮಾರು ಎರಡು ದಿನ ಉಳಿದಿರುವಾಗ ಅವುಗಳನ್ನು ಕಪ್ಪು ಕಾಗದದಲ್ಲಿ ಸುತ್ತಿ ಕತ್ತಲೆಯಲ್ಲಿ ಇಡುತ್ತಾರೆ. ಬಳಿಕ ಒಂದು ಮುಂಜಾನೆ ಬೆಳಕಿಗೆ ತೆರೆದರೆ ಕೆಲವೇ ಗಂಟೆಗಳಲ್ಲಿ ಮರಿಗಳೆಲ್ಲ ಒಟ್ಟಿಗೆ ಹೊರಬರುತ್ತವೆ. ಹೀಗೆ ಮಾಡದಿದ್ದರೆ ಮರಿಗಳು ಹಿಂದುಮುಂದಾಗಿ ಹುಟ್ಟಿ ಇಡೀ ಬೆಳೆಯೇ ಏರುಪೇರಾಗುತ್ತದೆ. ಅಷ್ಟು ಸಣ್ಣ ಜೀವಕ್ಕೂ ಬೆಳಕು ಕಾಲವನ್ನು ತಿಳಿಸುವ ಗಡಿಯಾರ.

ಮನುಷ್ಯನ ದೇಹಕ್ಕೂ ಇದೇ ನಿಯಮ ಅನ್ವಯಿಸುತ್ತದೆ. ಬೆಳಕು ಅಲೆಯ ರೂಪದಲ್ಲಿ ಸಾಗುವ ಶಕ್ತಿ. ಅದರಲ್ಲಿ ಸುಮಾರು 400ರಿಂದ 700 ನ್ಯಾನೊಮೀಟರ್ ಅಲೆಯುದ್ದದ ಭಾಗವಷ್ಟೇ ನಮ್ಮ ಕಣ್ಣಿಗೆ ಗೋಚರ. ಆದರೆ ಕಣ್ಣು ಇರುವುದು ನೋಡುವುದಕ್ಕೆ ಮಾತ್ರವಲ್ಲ. ನೀಲಿ ಬೆಳಕಿಗೆ ವಿಶೇಷವಾಗಿ ಸ್ಪಂದಿಸಿ, ಹಗಲು ಯಾವುದು ಇರುಳು ಯಾವುದು ಎಂಬುದನ್ನು ಮಿದುಳಿಗೆ ತಿಳಿಸುವ ಬೇರೆಯೇ ಜೀವಕೋಶಗಳು ಅಕ್ಷಿಪಟಲದಲ್ಲಿವೆ ಎಂಬುದು 2002ರಲ್ಲಿ ಖಚಿತವಾಯಿತು. ನಿದ್ರೆ, ಹಸಿವು, ದೇಹದ ಉಷ್ಣತೆ, ಹಾರ್ಮೋನುಗಳ ಏರಿಳಿತ ಎಲ್ಲವೂ ಈ ಸೂಚನೆಯನ್ನು ಅನುಸರಿಸುತ್ತವೆ. ದೇಹದೊಳಗಿನ ಈ ಗಡಿಯಾರದ ಕಾರ್ಯವಿಧಾನವನ್ನು ಬಿಡಿಸಿ ತೋರಿದ ಮೂವರು ವಿಜ್ಞಾನಿಗಳಿಗೆ 2017ರ ನೊಬೆಲ್ ಪ್ರಶಸ್ತಿ ಸಂದಿತು.

ಬಿಸಿಲಿನ ಉಪಕಾರ ಇಷ್ಟಕ್ಕೇ ಮುಗಿಯುವುದಿಲ್ಲ. ಅದರಲ್ಲಿರುವ ನೇರಳಾತೀತ ಕಿರಣಗಳು ಚರ್ಮದಲ್ಲಿ 'ಡಿ' ಜೀವಸತ್ವವನ್ನು ಉಂಟುಮಾಡುತ್ತವೆ. ಅದಿಲ್ಲದಿದ್ದರೆ ಮೂಳೆ ಗಟ್ಟಿಯಾಗದು. ಈ ಕಿರಣಗಳು ಕಿಟಕಿಯ ಗಾಜನ್ನು ದಾಟಿ ಒಳಬರುವುದಿಲ್ಲವಾದ್ದರಿಂದ ಬೆಳಕಿರುವ ಕೋಣೆಯಲ್ಲಿ ಕುಳಿತವರಿಗೂ ಕೊರತೆ ತಪ್ಪದು. ತೆರೆದ ಬಿಸಿಲಿನ ಪ್ರಖರತೆ 1 ಲಕ್ಷ ಲಕ್ಸ್‌ವರೆಗೂ ಇರುತ್ತದೆ. ಮನೆಯೊಳಗಿನ ದೀಪದ್ದು ಕೆಲವು ನೂರು ಲಕ್ಸ್ ಮಾತ್ರ. ಹೊರಗೆ ಆಡುವ ಮಕ್ಕಳಲ್ಲಿ ಸಮೀಪದೃಷ್ಟಿ ದೋಷ ಕಡಿಮೆ ಎಂದು ಅಧ್ಯಯನಗಳು ತೋರಿಸಿವೆ. ನವಜಾತ ಶಿಶುಗಳ ಕಾಮಾಲೆಗಂತೂ ನೀಲಿ ಬೆಳಕೇ ಔಷಧ. ಹಾಗೆಂದು ನಡುಹಗಲಿನ ಬಿಸಿಲಿನಲ್ಲಿ ವರ್ಷಗಟ್ಟಲೆ ದುಡಿಯುವವರಿಗೆ ಅದೇ ಕಿರಣಗಳು ಕಣ್ಣಿನ ಪೊರೆಯನ್ನೂ ತರಬಲ್ಲವು. ಹಿತಮಿತ ಇಲ್ಲಿಯೂ ಬೇಕು.

ಈ ಅರಿವಿನೊಡನೆ ಕೊಳ್ಳೇಗಾಲ, ಹನೂರು, ಯಳಂದೂರು ತಾಲ್ಲೂಕುಗಳನ್ನು ನೋಡಿದರೆ ನನಗೆ ಎದ್ದು ಕಾಣುವುದು ಬೆಳಕಿನ ಅಸಮ ಹಂಚಿಕೆ. ಕೊಳ್ಳೇಗಾಲದ ಅಂಚಿನಲ್ಲೇ ಹರಿಯುವ ಕಾವೇರಿಯಿಂದ ಶಿವನಸಮುದ್ರದಲ್ಲಿ ಉತ್ಪಾದಿಸಿದ ವಿದ್ಯುತ್ತು 1902ರಲ್ಲಿ ಕೋಲಾರದ ಚಿನ್ನದ ಗಣಿಗಳಿಗೆ ಹೋಯಿತು. 1905ರಲ್ಲಿ ಬೆಂಗಳೂರಿನ ಬೀದಿಗಳನ್ನು ಬೆಳಗಿತು. ಆದರೆ ಮಲೆ ಮಹದೇಶ್ವರ ಬೆಟ್ಟದ ಕಾಡಂಚಿನ ಊರುಗಳು ಅದಾಗಿ ನೂರು ವರ್ಷ ಕಳೆದ ಮೇಲೂ ದೀಪಕ್ಕಾಗಿ ಅರ್ಜಿ ಹಿಡಿದು ಅಲೆಯಬೇಕಾಯಿತು. 2024ರ ಏಪ್ರಿಲ್ 26ರಂದು ಹನೂರು ತಾಲ್ಲೂಕಿನ ಇಂಡಿಗನತ್ತದಲ್ಲಿ ಮತಗಟ್ಟೆಯೇ ಧ್ವಂಸವಾಗಿ, 29ರಂದು ಮರುಮತದಾನ ನಡೆಸಬೇಕಾಯಿತು. ಆ ಕೃತ್ಯವನ್ನು ಸಮರ್ಥಿಸಲಾಗದು. ಆದರೆ ಮೂಲಸೌಕರ್ಯಗಳಿಲ್ಲದ ಬದುಕಿನ ಬೇಗೆ ಅದರ ಹಿಂದಿತ್ತು ಎಂಬುದನ್ನು ಮರೆಯುವಂತಿಲ್ಲ.

ವಿದ್ಯುತ್ತು ಇಲ್ಲದ ಮನೆಯಲ್ಲಿ ಉರಿಯುವುದು ಸೀಮೆಎಣ್ಣೆ ಬುಡ್ಡಿ. ಅದರ ಮಸಿಯ ಸೂಕ್ಷ್ಮ ಕಣಗಳು ಶ್ವಾಸಕೋಶದ ಆಳಕ್ಕೆ ಇಳಿಯುತ್ತವೆ. ಮನೆಯೊಳಗೆ ಸೀಮೆಎಣ್ಣೆ ಉರಿಸುವುದೇ ಬೇಡವೆಂದು ವಿಶ್ವ ಆರೋಗ್ಯ ಸಂಸ್ಥೆ 2014ರಲ್ಲಿ ಸಲಹೆ ನೀಡಿತು. ಬುಡ್ಡಿಯ ಮುಂದೆ ಕುಳಿತು ಓದುವ ಮಗು ಅಕ್ಷರದ ಜತೆಗೆ ಹೊಗೆಯನ್ನೂ ನುಂಗುತ್ತದೆ. ಆನೆ ಓಡಾಡುವ ದಾರಿಯಲ್ಲಿ ಗರ್ಭಿಣಿಯನ್ನು ರಾತ್ರಿ ಆಸ್ಪತ್ರೆಗೆ ಕರೆದೊಯ್ಯುವವರಿಗೆ ದೀಪವೆಂದರೆ ಪ್ರಾಣರಕ್ಷಣೆ. ಇವರ ಪಾಲಿಗೆ ಬೆಳಕಿನ ಕೊರತೆಯೇ ರೋಗ.

ಪೇಟೆಯ ಕಾಯಿಲೆ ಇದಕ್ಕೆ ತದ್ವಿರುದ್ಧ. ಅಲ್ಲಿ ಇರುಳೇ ಕಡಿಮೆಯಾಗುತ್ತಿದೆ. ಬಿಳಿ ಎಲ್‌ಇಡಿ ದೀಪಗಳಲ್ಲೂ ಮೊಬೈಲ್ ಪರದೆಗಳಲ್ಲೂ ನೀಲಿ ಬೆಳಕಿನ ಅಂಶ ಹೆಚ್ಚು. ಮಲಗುವ ಹೊತ್ತಿನಲ್ಲಿ ಅದು ಕಣ್ಣಿಗೆ ಬಿದ್ದರೆ ಮಿದುಳು ಇನ್ನೂ ಹಗಲೆಂದೇ ಭಾವಿಸಿ, ನಿದ್ರೆಗೆ ಸಿದ್ಧಗೊಳಿಸುವ ಮೆಲಟೋನಿನ್ ಹಾರ್ಮೋನನ್ನು ತಡೆಹಿಡಿಯುತ್ತದೆ. ರಾತ್ರಿ ಪಾಳಿಯ ದುಡಿಮೆಯು ಬಹುಶಃ ಕ್ಯಾನ್ಸರ್‌ಕಾರಕ ಎಂದು ಅಂತರರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ 2007ರಲ್ಲಿ ವರ್ಗೀಕರಿಸಿತು. 2019ರ ಮರುಪರಿಶೀಲನೆಯಲ್ಲೂ ಅದೇ ನಿಲುವಿಗೆ ಬಂದಿತು. ಬೆಳಗಿನ ತನಕ ದುಡಿದು ಬರುವ ದಾದಿಯೂ ಕಾವಲುಗಾರನೂ ತೆರುವ ಬೆಲೆ ಇದು.

ನಮ್ಮ ಯೋಜನೆಗಳು ಕಂಬ, ತಂತಿ, ಬಲ್ಬುಗಳನ್ನಷ್ಟೇ ಲೆಕ್ಕ ಹಾಕುತ್ತವೆ. ಆರೋಗ್ಯದ ದೃಷ್ಟಿಯಿಂದ ಬೆಳಕನ್ನು ಅಳೆಯುವ ಕೆಲಸ ಇನ್ನು ಮೇಲಾದರೂ ಶುರುವಾಗಬೇಕು. ಹನೂರಿನ ಕಾಡಂಚಿನ ಊರುಗಳಲ್ಲಿ ತಂತಿ ಎಳೆಯುವುದು ಕಷ್ಟವಾದರೆ ಸೌರದೀಪ ಬರಲಿ. ಬಂದ ದೀಪ ಕೆಟ್ಟಾಗ ರಿಪೇರಿ ಮಾಡುವವರೂ ಇರಲಿ. ಯಳಂದೂರು ತಾಲ್ಲೂಕಿನ ಬಿಳಿಗಿರಿರಂಗನ ಬೆಟ್ಟದಂಥ ಹುಲಿ ಸಂರಕ್ಷಿತ ತಾಣದಲ್ಲಿ ದೀಪಗಳು ನೆಲದತ್ತ ಬಾಗಿ, ಹಳದಿ ಛಾಯೆಯಲ್ಲಿ, ಬೇಕಾದಷ್ಟೇ ಉರಿಯಲಿ. ಅದು ಸೋಲಿಗರಿಗೂ ಹಿತ, ವನ್ಯಜೀವಿಗಳಿಗೂ ಹಿತ. ಕೊಳ್ಳೇಗಾಲದ ಕೈಮಗ್ಗದ ಮನೆಗಳಿಗೆ ಹಗಲ ಬೆಳಕು ತರುವ ಕಿಟಕಿ, ಚಾವಣಿಯ ಗಾಜು ಕೂಡ ನೆರವಿನ ಪಟ್ಟಿಗೆ ಸೇರಲಿ. ಶಾಲೆಗಳಲ್ಲಿ ಆಟದ ಅವಧಿಯನ್ನು ಗಣಿತಕ್ಕೆ ಬಲಿಕೊಡದೆ ಮಕ್ಕಳನ್ನು ದಿನವೂ ಬಯಲಿಗೆ ಬಿಡಲಿ. ಇದಕ್ಕೆ ಬೊಕ್ಕಸದಿಂದ ಒಂದು ರೂಪಾಯಿಯೂ ಬೇಕಿಲ್ಲ.

ಮೊಟ್ಟೆ ಒಡೆಯುವ ಮುನ್ನ ಎಷ್ಟು ಕತ್ತಲೆ ಬೇಕು, ಯಾವ ಮುಂಜಾನೆ ಬೆಳಕು ಬೇಕು ಎಂದು ಲೆಕ್ಕವಿಟ್ಟು ಹುಳು ಸಾಕುವ ನಾಡು ಇದು. ಅಷ್ಟೇ ಕಾಳಜಿ ಇಲ್ಲಿಯ ಮಕ್ಕಳಿಗೂ ದಕ್ಕಬೇಕು.